ಕೊಡಲಿ ಏಟಿನಿಂದ ಗಿಟಾರಿನವರೆಗೆ: ‘ಬ್ಲ್ಯಾಕ್ ಬೆಟ್ಟಿ’ ಹಾಡು ಬಂದ ದಾರಿ

ರಾಕ್ ಸಂಗೀತ ಕೇಳುವವರಲ್ಲಿ ‘ಬ್ಲ್ಯಾಕ್ ಬೆಟ್ಟಿ’ ಗೊತ್ತಿಲ್ಲದವರು ಕಡಿಮೆ. 1977ರಲ್ಲಿ ರ್‍ಯಾಮ್ ಜ್ಯಾಮ್ ಎಂಬ ಅಮೆರಿಕದ ತಂಡದ ಹೆಸರಿನಲ್ಲಿ ಬಂದ ಹಾಡು ಇದು. ಹೆಸರು ನೆನಪಿಲ್ಲದಿದ್ದರೂ ಕೇಳಿದ ಕೂಡಲೇ ಗುರುತು ಸಿಗುತ್ತದೆ. ಒಂದು ಸಾಲು, ಆಮೇಲೆ ‘ಬ್ಯಾಮ್-ಬ-ಲ್ಯಾಮ್’ ಅನ್ನುವ ಸೊಲ್ಲು. ಮತ್ತೊಂದು ಸಾಲು, ಮತ್ತೆ ಅದೇ ಸೊಲ್ಲು. ನಡುವೆ ಗಿಟಾರಿನ ಅಬ್ಬರ.

ಕಿವಿಗೆ ಚೆಂದ ಕೇಳಲಿ ಅಂತ ಯಾರೋ ಸುಮ್ನೆ ಹಾಕಿದ ಸೊಲ್ಲು ಇದಲ್ಲ. ಟೆಕ್ಸಾಸ್ ರಾಜ್ಯದ ಜೈಲು ತೋಟಗಳಲ್ಲಿ ಕಪ್ಪು ಕೈದಿಗಳು ಒಟ್ಟಾಗಿ ದುಡಿಯುವಾಗ ಹೇಳುತ್ತಿದ್ದ ಪದ ಅದು. ಸೊಲ್ಲು ಬೀಳುವ ಜಾಗ ಅಂದರೆ ಹತಾರ ಬೀಳುವ ಜಾಗ. ಹಾಡು ಎಷ್ಟೋ ಕೈ ದಾಟಿ ಬಂದಿದೆ, ಮಾತು ಬದಲಾಗಿದೆ, ಅರ್ಥ ಬದಲಾಗಿದೆ. ಆ ಏಟಿನ ಜಾಗ ಮಾತ್ರ ಹಾಗೇ ಉಳಿದಿದೆ. ಅದು ಹೇಗೆ ಉಳಿಯಿತು, ಅದರ ಸುತ್ತ ಇದ್ದದ್ದೆಲ್ಲ ಹೇಗೆ ಕಳಚಿಕೊಂಡಿತು ಅನ್ನುವುದೇ ಈ ಹಾಡಿನ ಚರಿತ್ರೆ.

ಮೊದಲು ಆ ಜೈಲು ತೋಟಗಳು ಎಲ್ಲಿಂದ ಬಂದವು ಅಂತ ನೋಡಬೇಕು. 1865ರಲ್ಲಿ ಅಮೆರಿಕದ ಸಂವಿಧಾನಕ್ಕೆ 13ನೇ ತಿದ್ದುಪಡಿ ಬಂತು, ಗುಲಾಮಗಿರಿ ರದ್ದಾಯಿತು. ಆದರೆ ಆ ತಿದ್ದುಪಡಿಯಲ್ಲೇ ಒಂದು ಕಿಂಡಿ ಇತ್ತು. ಅಪರಾಧಕ್ಕೆ ಶಿಕ್ಷೆಯಾಗಿ ಬಲವಂತದ ದುಡಿಮೆ ಮಾಡಿಸಬಹುದು ಅಂತ ಅದು ಬಿಟ್ಟುಕೊಟ್ಟಿತ್ತು. ದಕ್ಷಿಣದ ರಾಜ್ಯಗಳು ಈ ಕಿಂಡಿಯನ್ನು ಚೆನ್ನಾಗಿಯೇ ಬಳಸಿಕೊಂಡವು. ಸಣ್ಣಪುಟ್ಟ ತಪ್ಪಿಗೂ ಕಪ್ಪು ಜನರನ್ನು ಹಿಡಿದು ಜೈಲಿಗೆ ಹಾಕಿದರು. ಆಮೇಲೆ ಅವರನ್ನು ತೋಟದ ಮಾಲೀಕರಿಗೆ, ರೈಲ್ವೆ ಕಂಪನಿಗಳಿಗೆ ಬಾಡಿಗೆಗೆ ಕೊಟ್ಟರು. 1878ರಲ್ಲಿ ಟೆಕ್ಸಾಸ್ ತನ್ನ ಎಲ್ಲ ಕೈದಿಗಳನ್ನೂ ಕನಿಂಗ್‌ಹ್ಯಾಮ್ ಮತ್ತು ಎಲ್ಲಿಸ್ ಎಂಬ ಇಬ್ಬರು ಕಬ್ಬಿನ ತೋಟದ ಮಾಲೀಕರಿಗೆ ಗುತ್ತಿಗೆ ಕೊಟ್ಟಿತು. ಹ್ಯೂಸ್ಟನ್ ನಗರದ ಹತ್ತಿರ, ಬ್ರಾಜೋಸ್ ನದಿಯ ಬಯಲಿನಲ್ಲಿ ಇದ್ದ ಆ ಜಾಗದ ಹೆಸರು ಶುಗರ್ ಲ್ಯಾಂಡ್. ಜವಳು ನೆಲ, ಸೊಳ್ಳೆ, ಜ್ವರ, ಬಿಸಿಲು. ಬ್ರಾಜೋಸ್ ದಂಡೆಯ ನರಕ ಅಂತ ಅದಕ್ಕೆ ಹೆಸರು ಬಿದ್ದಿತ್ತು. 2018ರಲ್ಲಿ ಅಲ್ಲಿ ಒಂದು ಶಾಲೆಯ ಕಟ್ಟಡಕ್ಕೆ ನೆಲ ಅಗೆಯುವಾಗ 95 ಜನರ ಸಮಾಧಿಗಳು ಸಿಕ್ಕವು. ಎಲ್ಲರೂ ಆ ಗುತ್ತಿಗೆ ಕಾಲದಲ್ಲಿ ದುಡಿದು ಸತ್ತ ಕಪ್ಪು ಕೈದಿಗಳು ಎಂದು ಸಂಶೋಧಕರು ಗುರುತಿಸಿದರು.

20ನೇ ಶತಮಾನದ ಆರಂಭದಲ್ಲಿ ಟೆಕ್ಸಾಸ್ ಈ ಗುತ್ತಿಗೆ ಪದ್ಧತಿ ಬಿಟ್ಟಿತು. ಬಿಟ್ಟು ಮಾಡಿದ್ದೇನು? ಸರ್ಕಾರವೇ ತೋಟಗಳನ್ನು ಕೊಂಡು ಜೈಲು ನಡೆಸಿತು. ಹೊಲ ಅದೇ, ಕಬ್ಬು ಹತ್ತಿ ಅವೇ, ದುಡಿಯುವವರ ಬಣ್ಣವೂ ಹೆಚ್ಚುಕಡಿಮೆ ಅದೇ. ಕುದುರೆ ಮೇಲೆ ಕೋವಿ ಹಿಡಿದ ಕಾವಲುಗಾರ ಬಂದ, ಅಷ್ಟೇ. ‘ಬ್ಲ್ಯಾಕ್ ಬೆಟ್ಟಿ’ ಮೊದಲು ರೆಕಾರ್ಡ್ ಆದದ್ದು ಇಂಥ ಒಂದು ತೋಟದಲ್ಲಿ. ಶುಗರ್ ಲ್ಯಾಂಡಿನ ಸೆಂಟ್ರಲ್ ಸ್ಟೇಟ್ ಫಾರ್ಮ್ ಅಂತ ಅದರ ಹೆಸರು.

ದುಡಿಮೆಯ ಪದ ನಮಗೇನೂ ಹೊಸದಲ್ಲ. ಬೀಸುವಾಗ, ಕುಟ್ಟುವಾಗ, ನಾಟಿ ಹಾಕುವಾಗ ನಮ್ಮ ಹಳ್ಳಿಗಳಲ್ಲೂ ಪದ ಹೇಳುತ್ತಿದ್ದರು. ಒಬ್ಬರು ಸಾಲು ಎತ್ತಿಕೊಡುವುದು, ಉಳಿದವರು ಸೊಲ್ಲು ಹೇಳುವುದು ಅಲ್ಲೂ ಇಲ್ಲೂ ಒಂದೇ. ಆದರೆ ಬೀಸುವ ಕಲ್ಲಿನ ಮುಂದೆ ಕೂತವಳ ಬೆನ್ನ ಹಿಂದೆ ಕೋವಿ ಇರಲಿಲ್ಲ. ಜೈಲಿನ ಪದದ ಕೆಲಸ ಬೇಸರ ಕಳೆಯುವುದಕ್ಕಿಂತ ತುಂಬಾ ಜಾಸ್ತಿ ಇತ್ತು. ಅದನ್ನು ಸ್ವಲ್ಪ ನಿಧಾನವಾಗಿ ನೋಡೋಣ, ಯಾಕೆಂದರೆ ಹಾಡಿನ ಆಕಾರ ಹುಟ್ಟಿದ್ದೇ ಅಲ್ಲಿಂದ.

ಒಂದು ದೊಡ್ಡ ಮರ ಕಡಿಯಬೇಕು ಅಂತ ಇಟ್ಟುಕೊಳ್ಳಿ. ಸುತ್ತಲೂ ನಾಲ್ಕೋ ಆರೋ ಎಂಟೋ ಜನ ಕೊಡಲಿ ಹಿಡಿದು ಒತ್ತಾಗಿ ನಿಂತಿದ್ದಾರೆ. ಒಬ್ಬರ ಕೊಡಲಿ ಮೇಲೆ ಹೋಗುವಾಗ ಇನ್ನೊಬ್ಬರದು ಕೆಳಗೆ ಬರಬೇಕು. ಯಾರಾದರೂ ಕ್ಷಣ ತಪ್ಪಿದರೆ ಕಬ್ಬಿಣ ಕಬ್ಬಿಣಕ್ಕೆ ಬಡಿಯುತ್ತದೆ, ಇಲ್ಲವೇ ಪಕ್ಕದವನ ಕೈಗೆ ಬೀಳುತ್ತದೆ. ಎಲ್ಲರಿಗೂ ಒಂದೇ ಗಡಿಯಾರ ಬೇಕು. ಆ ಗಡಿಯಾರವೇ ಹಾಡು. ಮುಂದಾಳು ಸಾಲು ಹೇಳುವಾಗ ಕೊಡಲಿ ಮೇಲೇರುತ್ತದೆ, ಸೊಲ್ಲಿನ ಗಟ್ಟಿ ಅಕ್ಷರದ ಮೇಲೆ ಕೆಳಗೆ ಬೀಳುತ್ತದೆ. ಕೊಡಲಿ ಎತ್ತುವುದಕ್ಕೆ ಎಷ್ಟು ಹೊತ್ತು ಬೇಕೋ ಸಾಲು ಅಷ್ಟೇ ಉದ್ದ. ಈ ಪದಗಳಲ್ಲಿ ಸಾಲುಗಳು ಯಾಕೆ ಅಷ್ಟು ಚಿಕ್ಕವು ಅಂದರೆ ಉಸಿರು, ತೋಳು, ಕೊಡಲಿಯ ತೂಕ ಇವು ಮೂರೂ ಸೇರಿ ಅವನ್ನು ಅಳೆದು ಕೊಟ್ಟಿವೆ.

ಹಾಡಿನ ಎರಡನೆಯ ಕೆಲಸ ಇನ್ನೂ ಮುಖ್ಯ. ಕೆಲಸದಲ್ಲಿ ಹಿಂದೆ ಬಿದ್ದವನನ್ನು ಕಾವಲುಗಾರ ಹೊಡೆಯುತ್ತಿದ್ದ. ಟೆಕ್ಸಾಸ್ ಜೈಲುಗಳಲ್ಲಿ ಹೊಡೆಯಲು ಮರದ ಹಿಡಿಕೆ ಇರುವ ದಪ್ಪ ಚರ್ಮದ ಪಟ್ಟಿ ಬಳಸುತ್ತಿದ್ದರು. ಅದನ್ನು ಕೈದಿಗಳು ಬ್ಯಾಟ್ ಅನ್ನುತ್ತಿದ್ದರು. ಎಲ್ಲರೂ ಹಾಡಿನ ಲಯಕ್ಕೆ ಕೆಲಸ ಮಾಡಿದರೆ ಯಾರು ಮುಂದೆ, ಯಾರು ಹಿಂದೆ ಅಂತ ಗೊತ್ತಾಗುವುದಿಲ್ಲ. ವಯಸ್ಸಾದವರು, ಜ್ವರದಲ್ಲಿ ಬಂದವರು, ಹೊಸದಾಗಿ ಬಂದು ಕೈ ಬೊಬ್ಬೆ ಎದ್ದವರು ಎಲ್ಲ ಆ ಲಯದೊಳಗೆ ಅಡಗಿಕೊಳ್ಳಬಹುದಿತ್ತು. ಒಳ್ಳೆಯ ಮುಂದಾಳು ಅಂದರೆ ಒಳ್ಳೆಯ ಕಂಠ ಇರುವವನಲ್ಲ. ದಿನವಿಡೀ ಎಲ್ಲರಿಗೂ ತಾಳಿಕೆಯಾಗುವ ವೇಗವನ್ನು ಕೆಡದಂತೆ ಹಿಡಿದಿಡುವವನು. 1960ರ ದಶಕದಲ್ಲಿ ಟೆಕ್ಸಾಸ್ ಜೈಲುಗಳಲ್ಲಿ ಈ ಪದಗಳನ್ನು ರೆಕಾರ್ಡ್ ಮಾಡಿದ ಬ್ರೂಸ್ ಜಾಕ್ಸನ್ ಇದನ್ನು ಚೆನ್ನಾಗಿ ವಿವರಿಸಿದ್ದಾರೆ. ನನಗೆ ಅನ್ನಿಸುವುದು, ಈ ಸಂಗೀತದಲ್ಲಿ ಇದಕ್ಕಿಂತ ದೊಡ್ಡ ವಿಷಯ ಇನ್ನೊಂದಿಲ್ಲ. ಹಾಡು ಇಲ್ಲಿ ಪಕ್ಕದವನ ಬೆನ್ನನ್ನು ಕಾಯುತ್ತಿತ್ತು.

ಮೂರನೆಯದು, ಮಾತು. ಕಾವಲುಗಾರನ ಎದುರು ಆಡಲಾಗದ ಮಾತನ್ನು ಹಾಡಿನಲ್ಲಿ ಹೇಳಬಹುದಿತ್ತು. ಹಾಡುವವರು ಕೆಲಸ ಮಾಡುತ್ತಿದ್ದಾರೆ ಅಂತ ಅವನು ಸುಮ್ಮನಿರುತ್ತಿದ್ದ.

ಈ ಪದಗಳನ್ನು ಹುಡುಕಿಕೊಂಡು 1933ರಲ್ಲಿ ಜಾನಪದ ಹಾಡುಗಳ ಸಂಗ್ರಾಹಕ ಜಾನ್ ಲೋಮ್ಯಾಕ್ಸ್ ಬಂದರು. ಆಗ ಅವರಿಗೆ 65 ದಾಟಿತ್ತು. ಜೊತೆಯಲ್ಲಿ 18 ವರ್ಷದ ಮಗ ಆಲನ್. ಅಮೆರಿಕದ ರಾಷ್ಟ್ರೀಯ ಗ್ರಂಥಾಲಯವಾದ ಲೈಬ್ರರಿ ಆಫ್ ಕಾಂಗ್ರೆಸ್ ಪರವಾಗಿ ಅವರು ದಕ್ಷಿಣದ ಜೈಲುಗಳನ್ನು ಸುತ್ತಿದರು. ಸುಮಾರು 140 ಕಿಲೋ ತೂಗುವ ರೆಕಾರ್ಡಿಂಗ್ ಯಂತ್ರವನ್ನು ಕಾರಿನಲ್ಲಿ ಹೊತ್ತುಕೊಂಡು ತಿರುಗಿದರು. ಜೈಲುಗಳಿಗೇ ಯಾಕೆ? ಹತ್ತಾರು ವರ್ಷ ಒಳಗೇ ಇದ್ದವರಿಗೆ ರೇಡಿಯೋ, ಜಾಝ್ ತಲುಪಿರುವುದಿಲ್ಲ, ಹಾಗಾಗಿ ಹಳೆಯ ಹಾಡುಗಳು ಅವರಲ್ಲಿ ಉಳಿದಿರುತ್ತವೆ ಎಂಬುದು ಲೋಮ್ಯಾಕ್ಸ್ ಲೆಕ್ಕಾಚಾರ. ಆ ಲೆಕ್ಕ ಬಹಳ ಮಟ್ಟಿಗೆ ಸರಿಯಾಗಿಯೇ ಇತ್ತು. ಆದರೆ ಹಾಡು ಅಂತ ಹೇಳಿಸಿದ್ದು ಜೈಲಿನೊಳಗೆ, ಕಾವಲುಗಾರರ ಕಣ್ಣೆದುರು. ಒಲ್ಲೆ ಅನ್ನುವ ಸ್ವಾತಂತ್ರ್ಯ ಆ ಹಾಡುಗಾರರಿಗೆ ಎಷ್ಟಿತ್ತು ಅಂತ ಯೋಚಿಸದೆ ಆ ರೆಕಾರ್ಡುಗಳನ್ನು ಕೇಳಲು ಆಗುವುದಿಲ್ಲ.

ಆ ವರ್ಷದ ಡಿಸೆಂಬರಿನಲ್ಲಿ ಶುಗರ್ ಲ್ಯಾಂಡಿನಲ್ಲಿ ಜೇಮ್ಸ್ ಬೇಕರ್ ಎಂಬ ಕೈದಿ ತಮ್ಮ ಸಂಗಡಿಗರ ಜೊತೆ ‘ಬ್ಲ್ಯಾಕ್ ಬೆಟ್ಟಿ’ ಹಾಡಿದರು. ಬೇಕರ್‌ಗೆ ಐರನ್ ಹೆಡ್ ಅಂತ ಅಡ್ಡಹೆಸರು. ಮರ ಕಡಿಯುವಾಗ ಕೊಂಬೆಯೊಂದು ತಲೆ ಮೇಲೆ ಬಿದ್ದರೂ ಕೆಲಸ ನಿಲ್ಲಿಸದೆ ಹೋದದ್ದಕ್ಕೆ ಆ ಹೆಸರು ಬಂತು ಅನ್ನುವುದು ಅವರ ಕಥೆ. ಆಗಲೇ ವಯಸ್ಸಾಗಿತ್ತು, ಬದುಕಿನ ಬಹುಪಾಲು ಜೈಲಿನಲ್ಲೇ ಕಳೆದಿತ್ತು. ನೂರಾರು ಹಾಡು ಅವರ ನೆನಪಿನಲ್ಲಿದ್ದವು. ರೆಕಾರ್ಡಿನಲ್ಲಿ ಯಾವ ವಾದ್ಯವೂ ಇಲ್ಲ. ಬರೀ ಗಂಟಲುಗಳು. ಬೇಕರ್ ಸಾಲು ಹೇಳುತ್ತಾರೆ, ಉಳಿದವರು ಸೊಲ್ಲು ಕೊಡುತ್ತಾರೆ. ನಮಗೆ ತಿಳಿದ ಮಟ್ಟಿಗೆ ಈ ಹಾಡಿನ ಮೊದಲ ಧ್ವನಿಮುದ್ರಣ ಅದೇ.

ಹಾಗಾದರೆ ಈ ಬೆಟ್ಟಿ ಯಾರು? ಜಗಳ ಶುರುವಾಗುವುದೇ ಇಲ್ಲಿ. 1934ರಲ್ಲಿ ಪ್ರಕಟವಾದ ತಮ್ಮ ಹಾಡುಗಳ ಸಂಗ್ರಹದಲ್ಲಿ ಲೋಮ್ಯಾಕ್ಸ್ ತಂದೆ ಮಗ ಸ್ಪಷ್ಟವಾಗಿ ಬರೆದರು: ಬೆಟ್ಟಿ ಹೆಂಗಸಲ್ಲ, ದಕ್ಷಿಣದ ಕೆಲವು ಜೈಲುಗಳಲ್ಲಿ ಬಳಸುವ ಚಾವಟಿ. ಇನ್ನೊಂದು ವಿವರಣೆ ಒಬ್ಬ ಮಾಜಿ ಕೈದಿಯಿಂದ ಬಂತು. ಟೆಕ್ಸಾಸ್ ಜೈಲು ತೋಟದಲ್ಲಿದ್ದ ಡಾಕ್ ರೀಸ್ ಎಂಬವರು ಆಲನ್ ಲೋಮ್ಯಾಕ್ಸ್‌ಗೆ ಹೇಳಿದ್ದು, ಬ್ಲ್ಯಾಕ್ ಬೆಟ್ಟಿ ಅಂದರೆ ಕೈದಿಗಳನ್ನು ತೋಟಕ್ಕೆ ಹೊತ್ತೊಯ್ಯುವ ಕಪ್ಪು ಗಾಡಿ. 18ನೇ ಶತಮಾನಕ್ಕೆ ಹೋದರೆ ಮೂರನೆಯ ಅರ್ಥ ಸಿಗುತ್ತದೆ. 1737ರಲ್ಲಿ ಬೆಂಜಮಿನ್ ಫ್ರಾಂಕ್ಲಿನ್ ತಮ್ಮ ಪತ್ರಿಕೆಯಲ್ಲಿ ಕುಡುಕರ ಮಾತುಗಳ ಪಟ್ಟಿ ಹಾಕಿದ್ದರು. ಅದರಲ್ಲಿ ಬ್ಲ್ಯಾಕ್ ಬೆಟ್ಟಿಗೆ ಮುತ್ತಿಟ್ಟ ಅಂದರೆ ಕುಡಿದಿದ್ದಾನೆ ಅಂತ. ಅಲ್ಲಿ ಬೆಟ್ಟಿ ಹೆಂಡದ ಬಾಟಲಿ. ಹಳೆಯ ಬ್ರಿಟಿಷ್ ಬಂದೂಕಿನ ಹೆಸರು ಅನ್ನುವ ಮಾತೂ ಓಡಾಡುತ್ತಿದೆ. ಆದರೆ ಆ ಬಂದೂಕಿನ ಅಡ್ಡಹೆಸರು ಬ್ರೌನ್ ಬೆಸ್, ಬ್ಲ್ಯಾಕ್ ಬೆಟ್ಟಿ ಅಲ್ಲ. ನಾನು ಅದನ್ನು ನಂಬುವುದಿಲ್ಲ.

ಚಾವಟಿಯೋ ಗಾಡಿಯೋ ಅಂತ ಒಂದನ್ನೇ ಆರಿಸಬೇಕಾದ ಅಗತ್ಯವೂ ಇಲ್ಲ. ಜೈಲಿನವರು ತಮ್ಮನ್ನು ಹೆದರಿಸುವ ವಸ್ತುಗಳಿಗೆಲ್ಲ ಹೆಣ್ಣಿನ ಹೆಸರಿಟ್ಟು ಹಾಡಿದರೆ ಕಾವಲುಗಾರನಿಗೆ ಅದು ಯಾವಳೋ ಹುಡುಗಿಯ ಹಾಡಾಗಿ ಕೇಳಿಸುತ್ತದೆ, ಅಲ್ವಾ? ಹಳೆಯ ಸಾಲುಗಳಲ್ಲಿ ಬೆಟ್ಟಿಗೊಂದು ಮಗು ಹುಟ್ಟುತ್ತದೆ, ಅದಕ್ಕೆ ಹುಚ್ಚು ಹಿಡಿಯುತ್ತದೆ, ಅದರ ತಲೆಯನ್ನು ಸಾರಿನಲ್ಲಿ ಅದ್ದುತ್ತಾರೆ. ಮೇಲ್ನೋಟಕ್ಕೆ ಮಕ್ಕಳ ಪ್ರಾಸದ ಹಾಗಿದೆ. ಚಾವಟಿ ಅಂತ ಇಟ್ಟುಕೊಂಡು ಓದಿದರೆ ಮೈ ಜುಮ್ಮೆನ್ನುತ್ತದೆ.

ಜೈಲಿನಿಂದ ಈ ಹಾಡನ್ನು ಪೇಟೆಗೆ ತಂದವರು ಹ್ಯೂಡಿ ಲೆಡ್‌ಬೆಟರ್. ಲೋಕಕ್ಕೆ ಅವರು ಲೆಡ್ ಬೆಲಿ. ಲೂಯಿಸಿಯಾನದಲ್ಲಿ ಹುಟ್ಟಿದ ಈ ಗಾಯಕ ಕೊಲೆ ಪ್ರಕರಣವೊಂದರಲ್ಲಿ ವಾಲ್ಟರ್ ಬಾಯ್ಡ್ ಎಂಬ ಹೆಸರಿನಲ್ಲಿ ಟೆಕ್ಸಾಸ್ ಜೈಲಿಗೆ ಹೋಗಿದ್ದರು. ಅವರೂ ಶುಗರ್ ಲ್ಯಾಂಡಿನಲ್ಲೇ ದುಡಿದವರು. ರಾಜ್ಯಪಾಲ ಪ್ಯಾಟ್ ನೆಫ್ ಜೈಲಿಗೆ ಬಂದಾಗ ಅವರ ಮುಂದೆ ಹಾಡಿ ಬಿಡುಗಡೆ ಕೇಳಿದರು. 1925ರಲ್ಲಿ ನೆಫ್ ಅಧಿಕಾರ ಬಿಡುವ ಹೊತ್ತಿಗೆ ಅವರನ್ನು ಬಿಟ್ಟರು. ಮುಂದೆ ಲೂಯಿಸಿಯಾನದ ಅಂಗೋಲಾ ಜೈಲಿನಲ್ಲಿ ಮತ್ತೆ ಒಳಗೆ. 1933ರಲ್ಲಿ ಲೋಮ್ಯಾಕ್ಸ್ ತಂದೆ ಮಗ ಅವರನ್ನು ಕಂಡದ್ದು ಅಲ್ಲೇ.

ಬಿಡುಗಡೆಯಾದ ಮೇಲೆ ಲೆಡ್ ಬೆಲಿ ನ್ಯೂಯಾರ್ಕಿಗೆ ಹೋದರು. 1939ರಲ್ಲಿ ಮ್ಯೂಸಿಕ್ರಾಫ್ಟ್ ಕಂಪನಿಗೆ ಮೂರು ದುಡಿಮೆ ಪದಗಳನ್ನು ಒಂದಕ್ಕೊಂದು ಪೋಣಿಸಿ ಹಾಡಿದರು. ನಡುವಿನದು ‘ಬ್ಲ್ಯಾಕ್ ಬೆಟ್ಟಿ’. ಹೆಚ್ಚೆಂದರೆ ಒಂದು ನಿಮಿಷ. 12 ತಂತಿಯ ಗಿಟಾರಿಗೆ ಹೆಸರಾಗಿದ್ದವರು ಇಲ್ಲಿ ಗಿಟಾರು ಮುಟ್ಟಲಿಲ್ಲ. ಚಪ್ಪಾಳೆ ಹಾಕಿಕೊಂಡು ಹಾಡಿದರು. ಹತಾರದ ಏಟಿನ ಜಾಗಕ್ಕೆ ಚಪ್ಪಾಳೆ ಬಂತು. ಅವರಿಗೆ ಆ ಏಟು ಎಲ್ಲಿ ಬೀಳುತ್ತದೆ ಅಂತ ಮೈಯಿಂದಲೇ ಗೊತ್ತಿತ್ತು. ಆದರೆ ಒಂದು ದೊಡ್ಡ ಬದಲಾವಣೆ ಇಲ್ಲೇ ಆಗಿಹೋಯಿತು. ಸಾಲು ಹೇಳುವವರೂ ಅವರೇ, ಸೊಲ್ಲು ಹೇಳುವವರೂ ಅವರೇ. ಗುಂಪು ಹೋಯಿತು. ಯಾರ ಕೈಯನ್ನೂ ಯಾರ ಬೆನ್ನನ್ನೂ ಕಾಯುವ ಕೆಲಸ ಹಾಡಿಗೆ ಈಗ ಇರಲಿಲ್ಲ. ಅದು ಸ್ಟುಡಿಯೋದಲ್ಲಿ ಒಬ್ಬ ಕಲಾವಿದ ಹಾಡುವ ಹಾಡಾಯಿತು.

1949ರಲ್ಲಿ ಲೆಡ್ ಬೆಲಿ ತೀರಿಕೊಂಡರು. ಮರು ವರ್ಷವೇ ವೀವರ್ಸ್ ತಂಡ ಅವರ ಬತ್ತಳಿಕೆಯ ‘ಗುಡ್‌ನೈಟ್ ಐರೀನ್’ ಹಾಡಿ ಅಮೆರಿಕದ ಜನಪ್ರಿಯ ಹಾಡುಗಳ ಪಟ್ಟಿಯಲ್ಲೇ ಮೊದಲ ಸ್ಥಾನಕ್ಕೆ ಏರಿತು. ಅಲ್ಲಿಂದ ಜಾನಪದ ಹಾಡುಗಾರರೆಲ್ಲ ಅವರ ರೆಕಾರ್ಡುಗಳನ್ನು ತಿರುವಿ ನೋಡತೊಡಗಿದರು. ‘ಬ್ಲ್ಯಾಕ್ ಬೆಟ್ಟಿ’ಯನ್ನು 1964ರಲ್ಲಿ ಒಡೆಟ್ಟಾ ಹಾಡಿದಾಗ ಚಪ್ಪಾಳೆಯ ಜಾಗಕ್ಕೆ ಗಿಟಾರಿನ ಮೊಟಕು ಮೀಟು ಬಂತು. ಬ್ರಿಟನ್ನಿನಲ್ಲಿ ಮ್ಯಾನ್‌ಫ್ರೆಡ್ ಮ್ಯಾನ್ ತಂಡ 1968ರಲ್ಲಿ ಬೆಟ್ಟಿಯ ಹೆಸರನ್ನೇ ಕೊಂಚ ಬದಲಿಸಿ ಪೂರ್ತಿ ಬ್ಯಾಂಡಿಗೆ ಹೊಂದಿಸಿತು.

ರಾಕ್ ರೂಪಕ್ಕೆ ಕಾರಣರಾದವರು ಬಿಲ್ ಬಾರ್ಟ್‌ಲೆಟ್. ಓಹಾಯೋ ರಾಜ್ಯದವರು. ಅವರು ಮೊದಲು ಲೆಮನ್ ಪೈಪರ್ಸ್ ತಂಡದಲ್ಲಿ ಗಿಟಾರು ನುಡಿಸುತ್ತಿದ್ದರು. ಆ ತಂಡದ ‘ಗ್ರೀನ್ ಟ್ಯಾಂಬರೀನ್’ 1968ರಲ್ಲಿ ಅಮೆರಿಕದಲ್ಲಿ ಮೊದಲ ಸ್ಥಾನಕ್ಕೆ ಬಂದಿತ್ತು. ಆಮೇಲೆ ಅವರು ಸ್ಟಾರ್‌ಸ್ಟ್ರಕ್ ಅಂತ ಇನ್ನೊಂದು ತಂಡ ಕಟ್ಟಿದರು. ಲೆಡ್ ಬೆಲಿಯ ಒಂದು ನಿಮಿಷದ ಹಾಡನ್ನು ತೆಗೆದುಕೊಂಡು ಅದಕ್ಕೆ ಗಿಟಾರಿನ ಜೋರು ಪಲುಕು, ಡ್ರಮ್ಮು, ನಡುವೆ ಉದ್ದನೆಯ ವಾದ್ಯದ ಭಾಗ ಎಲ್ಲ ಸೇರಿಸಿದರು. ಟ್ರಕ್‌ಸ್ಟಾರ್ ಎಂಬ ತಮ್ಮದೇ ಪುಟ್ಟ ಲೇಬಲ್ಲಿನಲ್ಲಿ ಹಾಡು ಹೊರಬಂತು. ಸುತ್ತಮುತ್ತ ಚೆನ್ನಾಗಿ ಓಡಿತು.

ಆಗ ನ್ಯೂಯಾರ್ಕಿನ ಜೆರ್ರಿ ಕಾಸೆನೆಟ್ಸ್ ಮತ್ತು ಜೆಫ್ರಿ ಕ್ಯಾಟ್ಸ್ ಎಂಬ ನಿರ್ಮಾಪಕರ ಕಿವಿಗೆ ಇದು ಬಿತ್ತು. ಬಾರ್ಟ್‌ಲೆಟ್ ಸುತ್ತ ಹೊಸ ತಂಡ ಕಟ್ಟಿ ಅದಕ್ಕೆ ರ್‍ಯಾಮ್ ಜ್ಯಾಮ್ ಅಂತ ಹೆಸರಿಟ್ಟರು. ಹಾಡನ್ನು ಮತ್ತೆ ಹಾಡಿಸಲಿಲ್ಲ. ಸ್ಟಾರ್‌ಸ್ಟ್ರಕ್‌ನ ಹಳೆಯ ಟೇಪನ್ನೇ ಕತ್ತರಿಸಿ, ಭಾಗಗಳನ್ನು ಹಿಂದೆ ಮುಂದೆ ಮಾಡಿ ಜೋಡಿಸಿ 1977ರಲ್ಲಿ ಎಪಿಕ್ ಕಂಪನಿಯಿಂದ ಬಿಡುಗಡೆ ಮಾಡಿದರು. ಹಾಗಾಗಿ ಜಗತ್ತಿಗೆಲ್ಲ ಗೊತ್ತಿರುವ ಆ ರೆಕಾರ್ಡಿನಲ್ಲಿ ನುಡಿಸಿದವರು ಬೇರೆ, ತಂಡ ಅಂತ ಆಲ್ಬಂ ಮೇಲೆ ಕಾಣಿಸಿಕೊಂಡವರಲ್ಲಿ ಹೆಚ್ಚಿನವರು ಬೇರೆ. ರ್‍ಯಾಮ್ ಜ್ಯಾಮ್‌ನ ಮುಖ್ಯ ಗಾಯಕ ಮೈಕ್ ಸ್ಕವೋನ್. ಈ ಹಾಡಿನಲ್ಲಿ ಕೇಳುವುದು ಬಾರ್ಟ್‌ಲೆಟ್ ದನಿ. ಅಮೆರಿಕದಲ್ಲಿ ಹಾಡು 18ನೇ ಸ್ಥಾನ ಮುಟ್ಟಿತು, ಬ್ರಿಟನ್ನಿನಲ್ಲಿ 7ನೇ ಸ್ಥಾನ. ತಂಡ ಬೇಗ ಚದುರಿಹೋಯಿತು. ಮುಂದೆ ಅಂಥ ಇನ್ನೊಂದು ಯಶಸ್ಸು ಅವರಿಗೆ ಸಿಗಲಿಲ್ಲ.

ಬಾರ್ಟ್‌ಲೆಟ್ ಮಾಡಿದ ಕೆಲಸವನ್ನು ಎರಡು ರೀತಿ ನೋಡಬೇಕು. ಲಯದ ವಿಷಯದಲ್ಲಿ ಅವರ ಕಿವಿ ಅಪರೂಪದ್ದು. ಲೆಡ್ ಬೆಲಿಯ ಚಪ್ಪಾಳೆ ಹಗುರ. ಇಲ್ಲಿ ಸೊಲ್ಲಿನ ಜಾಗದಲ್ಲಿ ಡ್ರಮ್ಮೂ ಗಿಟಾರೂ ಒಟ್ಟಿಗೆ ಬಂದು ಬಡಿಯುತ್ತವೆ. ಆ ಭಾರ ನೋಡಿದರೆ ಹಾಡು 1939ಕ್ಕಿಂತ 1933ಕ್ಕೆ ಹತ್ತಿರ ಅನ್ನಿಸುತ್ತದೆ. ಆದರೆ ನಡುವಿನ ವಾದ್ಯದ ಭಾಗದಲ್ಲಿ ಲಯ ಮುರಿಯುತ್ತದೆ, ವೇಗ ಏರುತ್ತದೆ. ಕೊಡಲಿ ಹಿಡಿದವರ ನಡುವೆ ಹೀಗೆ ಮಾಡಿದ್ದರೆ ಯಾರದೋ ಕೈ ಹೋಗುತ್ತಿತ್ತು. ರಾಕ್ ಸಂಗೀತದಲ್ಲಿ ಅದೇ ರೋಮಾಂಚನ.

ಮಾತಿನ ವಿಷಯ ಬೇರೆ. ರಾಕ್ ರೂಪದಲ್ಲಿ ಬೆಟ್ಟಿ ಅಲಬಾಮಾದ ಬರ್ಮಿಂಗ್‌ಹ್ಯಾಮಿನಿಂದ ಬಂದ, ಮೈ ಕುಲುಕಿಸುವ ಕಪ್ಪು ಹೆಂಗಸು. ಚಾವಟಿ ಇಲ್ಲ, ಗಾಡಿ ಇಲ್ಲ, ಜೈಲೇ ಇಲ್ಲ. ಕಪ್ಪು ಜನರ ಹಕ್ಕುಗಳಿಗಾಗಿ ಹೋರಾಡುವ ಎನ್‌ಎಎಸಿಪಿ ಮತ್ತು ಕೋರ್ ಸಂಘಟನೆಗಳು ಇದು ಕಪ್ಪು ಹೆಂಗಸರಿಗೆ ಅವಮಾನ ಎಂದು ಹಾಡನ್ನು ಬಹಿಷ್ಕರಿಸಲು ಕರೆ ಕೊಟ್ಟವು. ಹಾಡು ಮೂಲದಲ್ಲಿ ಕಪ್ಪು ಕೈದಿಗಳದ್ದೇ, ಹಾಗಾಗಿ ಆ ಆಕ್ಷೇಪಕ್ಕೆ ಅರ್ಥವಿಲ್ಲ ಅಂತ ಕೆಲವರು ವಾದಿಸುತ್ತಾರೆ. ನನಗೆ ಆ ವಾದ ಒಪ್ಪಿಗೆಯಿಲ್ಲ. ಕೈದಿಗಳು ಚಾವಟಿಗೆ ಹೆಣ್ಣಿನ ವೇಷ ಹಾಕಿದ್ದರು. ಇಲ್ಲಿ ಚಾವಟಿ ಬಿದ್ದುಹೋಗಿ ವೇಷ ಮಾತ್ರ ಉಳಿಯಿತು. ಬಿಳಿಯರ ತಂಡವೊಂದು ಆ ವೇಷವನ್ನೇ ನಿಜವಾದ ಹೆಂಗಸು ಅಂತ ಹಾಡುವಾಗ ಅದು ಬೇರೆಯೇ ಹಾಡು. ಬೇಕಂತ ಮಾಡಿದ್ದು ಅಂತ ನಾನು ಹೇಳುತ್ತಿಲ್ಲ. ಆದರೆ ಕೇಳಿದವರಿಗೆ ನೋವಾದದ್ದು ನಿಜ.

ಇನ್ನು ಹಾಡು ಯಾರದು ಅನ್ನುವ ಪ್ರಶ್ನೆ. ರ್‍ಯಾಮ್ ಜ್ಯಾಮ್ ರೆಕಾರ್ಡಿನ ಮೇಲೆ ರಚನೆಕಾರರ ಜಾಗದಲ್ಲಿ ಲೆಡ್‌ಬೆಟರ್ ಹೆಸರಿದೆ. ಅಷ್ಟಾದರೂ ಇದೆ ಅನ್ನುವುದು ಸಮಾಧಾನ. ಆ ಕಾಲದಲ್ಲಿ ಕಪ್ಪು ಹಾಡುಗಾರರ ಹೆಸರನ್ನೇ ಹಾಕದೆ ಬಿಟ್ಟವರು ಬೇಕಾದಷ್ಟು ಜನ ಇದ್ದರು. ಆದರೆ ಲೆಡ್ ಬೆಲಿ ಈ ಹಾಡನ್ನು ಬರೆದವರಲ್ಲ. ಹಕ್ಕುಸ್ವಾಮ್ಯದ ಕಾನೂನಿಗೆ ಬೇಕಾದ್ದು ಒಂದು ಹೆಸರು. ದುಡಿಮೆಯ ಪದಕ್ಕೆ ಒಂದು ಹೆಸರು ಇರುವುದಿಲ್ಲ. ಒಬ್ಬ ಮುಂದಾಳು ಒಂದು ಸಾಲು ಸೇರಿಸಿದ, ಇನ್ನೊಂದು ತೋಟಕ್ಕೆ ವರ್ಗವಾಗಿ ಹೋದವನು ಅದನ್ನು ಅಲ್ಲಿ ಬಿತ್ತಿದ, ಮತ್ತೊಬ್ಬ ಅರ್ಧ ಮರೆತು ಅರ್ಧ ಕಟ್ಟಿದ. ಹಳೆಯ ಹಾಡನ್ನು ಹೊಸದಾಗಿ ಹೊಂದಿಸಿದವರಿಗೆ ಆ ಹೊಂದಾಣಿಕೆಯ ಮೇಲೆ ಕಾನೂನು ಹಕ್ಕು ಕೊಡುತ್ತದೆ. ಪದ ಕಟ್ಟಿದ ಗುಂಪಿಗೆ ಏನೂ ಸಿಗುವುದಿಲ್ಲ. ಐರನ್ ಹೆಡ್ ಬೇಕರ್ 1936ರಲ್ಲಿ ಜಾನ್ ಲೋಮ್ಯಾಕ್ಸ್ ಮಧ್ಯಸ್ಥಿಕೆಯಿಂದ ಪೆರೋಲ್ ಮೇಲೆ ಹೊರಬಂದರು, ಕೆಲಕಾಲ ಅವರ ಜೊತೆ ತಿರುಗಿದರು, ಮತ್ತೆ ಜೈಲಿಗೇ ಹೋದರು. ಅವರ ದನಿ ಗ್ರಂಥಾಲಯದಲ್ಲಿ ಉಳಿಯಿತು.

ಆಮೇಲಿನ ಕಥೆ ಚಿಕ್ಕದು. 1986ರಲ್ಲಿ ನಿಕ್ ಕೇವ್, 2002ರಲ್ಲಿ ಟಾಮ್ ಜೋನ್ಸ್ ಹಾಡಿದರು. 2004ರಲ್ಲಿ ಆಸ್ಟ್ರೇಲಿಯಾದ ಸ್ಪೈಡರ್‌ಬೇಟ್ ತಂಡದ ಇನ್ನೂ ವೇಗದ ರೂಪ ಅಲ್ಲಿ ಮೊದಲ ಸ್ಥಾನಕ್ಕೆ ಹೋಯಿತು, ಕಾರ್ ರೇಸಿನ ವಿಡಿಯೋ ಗೇಮ್ ಒಂದರಲ್ಲೂ ಸೇರಿಕೊಂಡಿತು. ಅಷ್ಟರಲ್ಲಿ ಜೈಲಿನ ಹಾಡು ನಿಂತೇ ಹೋಗಿತ್ತು. 1966ರಲ್ಲಿ ಜಾನಪದ ಗಾಯಕ ಪೀಟ್ ಸೀಗರ್, ಅವರ ಹೆಂಡತಿ ತೋಷಿ ಮತ್ತು ಬ್ರೂಸ್ ಜಾಕ್ಸನ್ ಹಂಟ್ಸ್‌ವಿಲ್ ಹತ್ತಿರದ ಎಲ್ಲಿಸ್ ಜೈಲಿನಲ್ಲಿ ಕೈದಿಗಳು ಹಾಡುತ್ತಾ ಮರ ಕಡಿಯುವುದನ್ನು ಚಿತ್ರೀಕರಿಸಿದರು. ಆಗಲೇ ಅದು ಕೊನೆಯ ಕಾಲ. ಯಂತ್ರಗಳು ಬಂದಿದ್ದವು. ಕಪ್ಪು ಬಿಳಿ ಕೈದಿಗಳನ್ನು ಬೇರೆ ಬೇರೆ ಇಡುವ ಪದ್ಧತಿ ಹೋಗುತ್ತಿತ್ತು. ಹೊಸ ತಲೆಮಾರಿನ ಕೈದಿಗಳಿಗೆ ಈ ಪದ ಗುಲಾಮಗಿರಿ ಕಾಲದ್ದು ಅನ್ನಿಸುತ್ತಿತ್ತು. ಅವರು ಕಲಿಯಲಿಲ್ಲ.

ಈ ಹಾಡನ್ನು ಸರಿಯಾಗಿ ಕೇಳಬೇಕು ಅಂತಿದ್ದರೆ 1977ರದ್ದನ್ನು ಸದ್ಯಕ್ಕೆ ಬದಿಗಿಟ್ಟು ಆ 1966ರ ಚಿತ್ರ ನೋಡಿ. ಅದರಲ್ಲಿ ಕೊಡಲಿಗಳು ಹೇಗೆ ಏರಿಳಿಯುತ್ತವೆ ಅಂತ ಗಮನಿಸಿ. ಆಮೇಲೆ 1933ರ ಬೇಕರ್ ರೆಕಾರ್ಡು, 1939ರ ಲೆಡ್ ಬೆಲಿ, ಕೊನೆಗೆ ರ್‍ಯಾಮ್ ಜ್ಯಾಮ್. ಸೊಲ್ಲು ಬಂದಾಗೆಲ್ಲ ಮೇಜಿನ ಮೇಲೆ ಕೈಯಿಂದ ಒಂದು ಏಟು ಹಾಕಿ. ನಾಲ್ಕನೆಯದಕ್ಕೆ ಬರುವ ಹೊತ್ತಿಗೆ ಡ್ರಮ್ಮು ಎಲ್ಲಿ ಬೀಳುತ್ತದೆ ಅಂತ ಯಾರೂ ಹೇಳಿಕೊಡಬೇಕಾಗಿಲ್ಲ.